ಬೇಲೀಫನ ಷರಾ

ಶುಕ್ರವಾರ ಪೇಟೆಗೆ ಮಂಗಳವಾರ ಹೋದೆ.
ಚೀಲದಲ್ಲಿ ಕಬ್ಜಾ ವಾರಂಟು, ಅರಗು, ಮೇಣದಬತ್ತಿ,
ಹೊಸ ಬೀಗವೊಂದು (ಖರ್ಚು ಡಿಕ್ರಿದಾರರದು),
ಜೊತೆಗೆ ಇಬ್ಬರು ಪಂಚರು,
ಯಂತ್ರ ಬಿಚ್ಚಲು ಫಿಟ್ಟರ್ ಗಫೂರ.

ಖೈರೆಯ ಗಿರಣಿ ನಡೆದೇ ಇತ್ತು.
ಬಾಗಿಲಾಚೆ ಡಬ್ಬಿಗಳ ಸಾಲು;
ಒಡತಿಯರು ಕಾಯಿಪಲ್ಲೆಗೆ ಹೋಗಿ
ಡಬ್ಬಿಗಳನ್ನೇ ಸರದಿಗೆ ನಿಲ್ಲಿಸಿದ್ದರು.
ನಾನೂ ಅವುಗಳ ಹಿಂದೆ ನಿಂತೆ, ರೂಢಿಗೆ.

ವಾರಂಟು ಓದಿ ಹೇಳಿದೆ.
ಬೆಲ್ಟಿನ ಸದ್ದಿನಲ್ಲಿ ಅವನಿಗೆ ಕೇಳಿಸಲಿಲ್ಲ,
ಅಥವಾ ಹನ್ನೊಂದು ವರ್ಷ ಕೇಳಿ ಕೇಳಿ
ಕಿವಿ ಹಿಟ್ಟಾಗಿತ್ತು.
"ಈ ಜೋಳ ಇಳಿದುಬಿಡಲಿ ಸಾಹೇಬ,
ನಡುವೆ ನಿಲ್ಲಿಸಿದರೆ ಕಲ್ಲು ಕಚ್ಚಿಕೊಳ್ಳುತ್ತದೆ."

ಎದುರು ಕಟ್ಟೆಯ ಮೇಲೆ ದ್ವಾರಕಾಬಾಯಿ ಗದ್ರೆ, ಗೆದ್ದವರು.
ಮೂರನೇ ಮಹಡಿ ಹತ್ತಲಾರದೆ
ಕೆಳಗಿನ ಈ ಖೋಲಿ ಕೇಳಿ ದಾವೆ ಹೂಡಿದವರು.
ಆಗ ಒಂದೇ ಮೊಣಕಾಲು ನೋಯುತ್ತಿತ್ತು. ಈಗ ಎರಡೂ.
ಇವತ್ತು ಹೇಗೋ ಇಳಿದು ಬಂದಿದ್ದರು;
ಮತ್ತೆ ಹತ್ತುವ ಲೆಕ್ಕ ಹಾಕಿರಲಿಲ್ಲ.

ಅಷ್ಟರಲ್ಲಿ ಒಂದು ಸ್ಕೂಟರು.
ಇಳಿದ ಜೂನಿಯರ್ ವಕೀಲೆಯ ಬಿಳಿ ಪಟ್ಟಿ
ಹೆಗಲಿಗೆ ತಿರುಗಿಹೋಗಿತ್ತು.
"ಸ್ಟೇ ಸಿಕ್ಕಿದೆ! ಹನ್ನೊಂದೂ ನಲವತ್ತಕ್ಕೆ!"
ಪ್ರತಿ ಎಲ್ಲಿ?
"ಟೈಪಾಗುತ್ತಿದೆ."

ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ,
ಇದು ನನಗೆ ಬಾಯಿಪಾಠ.
ತಡೆ ಕೊಟ್ಟರೂ ಅದು ಕೊಟ್ಟ ಗಳಿಗೆಗೆ ಹುಟ್ಟುವುದಿಲ್ಲ,
ಕೆಳಗಿನ ಕೋರ್ಟಿಗೆ ತಿಳಿದ ಗಳಿಗೆಗೆ ಹುಟ್ಟುತ್ತದೆ.
ಶಿವಾಜಿನಗರದಲ್ಲಿ ಮೇಲಿನ ಕೋರ್ಟಿಗೂ ಕೆಳಗಿನದಕ್ಕೂ ನಡುವೆ
ಒಂದು ಚಹದ ಗಾಡಿ, ಟೈಪಿಸ್ಟರ ಛತ್ರಿಗಳು,
ನಂಬರಿಲ್ಲದ ಸ್ಕೂಟರುಗಳು.
ಅಷ್ಟು ದೂರ ನಡೆದು ಮುಗಿಸುವವರೆಗೆ
ಆ ಆಜ್ಞೆ ಇದೆ, ಮತ್ತು ಇಲ್ಲ.

ನಾನು ಅಕ್ಕಲಕೋಟೆ ಕಡೆಯವ.
ಪಂಚನಾಮೆ ಬರೆಯುವುದು ಮರಾಠಿಯಲ್ಲಿ, ಎಣಿಸುವುದು ಕನ್ನಡದಲ್ಲಿ.
ಎಣಿಸಿದೆ: ಆ ಅಂಗಳ ಇನ್ನೂರ ಹತ್ತು ಹೆಜ್ಜೆ.
ಜವಾನ ಚಹಕ್ಕೆ ನಿಂತರೆ ಒಂದು ದಿನ.

"ಪ್ರಮಾಣ ಪತ್ರ ಕೊಡಿ" ಎಂದೆ, "ನನಗಲ್ಲ, ಕೋರ್ಟಿಗೆ.
ಕೇಳಿದ್ದು ಬೇಡ, ಸ್ವಂತ ಅರಿವು ಬೇಕು."
ಖೈರೆಗೆ ಆ ಅರಿವೆಲ್ಲಿ? ಅವ ಜೋಳ ಬೀಸುತ್ತಿದ್ದ.
ಕೋರ್ಟಿನಲ್ಲಿದ್ದವ ಅವನ ತಮ್ಮ, ಎರಡನೇ ಅಪೀಲುದಾರ.
ಫೋನು ಹೋಯಿತು. ತಮ್ಮ ಓಡಿದನಂತೆ.

ಗೆದ್ದವ ಸೋತ, ಸೋತವ ಸತ್ತ ಅಂತಿದ್ದಳು ನಮ್ಮವ್ವ.
ಅವಳಿಗೆ ಅಪೀಲು ಗೊತ್ತಿರಲಿಲ್ಲ.
ಸತ್ತವನ ಜಾಗಕ್ಕೆ ವಾರಸುದಾರರ ಹೆಸರು ಸೇರಿಸಿ
ಮುಂದಿನ ತಾರೀಖು ಕೊಡುತ್ತಾರೆ.

ಜೋಳ ಇಳಿಯಿತು. ಖೈರೆ ತಾನೇ ಬಟನ್ ಒತ್ತಿದ.
ಬೆಲ್ಟು ನಿಧಾನಿಸಿತು, ನಿಂತಿತು.
ಆ ಮೌನಕ್ಕೆ ಡಬ್ಬಿಯ ಹೆಂಗಸರೆಲ್ಲ ತಿರುಗಿ ಬಂದರು.
ಗಫೂರ ಪಾನಾ ಹಿಡಿದು ಕೇಳಿದ: "ಬಿಚ್ಚಲೇ?"

ಬಾಯಿಂದ ತಾನಾಗಿ ಬಂದದ್ದು ಕನ್ನಡ:
"ತಡಿ."
ಗಫೂರನಿಗೆ ಕನ್ನಡ ಬಾರದು. ಪಾನಾ ಕೆಳಗಿಟ್ಟ.
ಹಾಗೆ ಹೇಳುವ ಅಧಿಕಾರ ನನಗಿಲ್ಲ.

ಒಂದೂ ಇಪ್ಪತ್ತಕ್ಕೆ ನಾಜರರ ಫೋನು. ಹುಟ್ಟಿತ್ತು.
ಆರು ವಾರದೊಳಗೆ ಮೂರು ಲಕ್ಷ ಹದಿನೆಂಟು ಸಾವಿರ ಠೇವಣಿ,
ತಪ್ಪಿದರೆ ತಡೆ ತಾನೇ ತೆರವು.
ಖೈರೆ ಸೊನ್ನೆಗಳನ್ನು ಹಿಟ್ಟಿನ ಮೇಲೆ ಬರೆದು ನೋಡಿದ,
ಅಳಿಸಿದ.

"ಹಾಗಾದರೆ ನಾನು ಗೆದ್ದದ್ದು?" ದ್ವಾರಕಾಬಾಯಿ.
"ಅದು ಹಾಗೇ ಇದೆ ಬಾಯಿ. ಸದ್ಯ ನಡೆಯುವುದಿಲ್ಲ, ಅಷ್ಟೆ."
ಅವರು ಮೊಣಕಾಲು ಮುಟ್ಟಿಕೊಂಡರು,
"ನನ್ನ ಹಾಗೆ" ಎಂದರು. ಸಿಟ್ಟಿರಲಿಲ್ಲ.
ಸಿಟ್ಟಿದ್ದಿದ್ದರೆ ನನಗೆ ಸಲೀಸಾಗುತ್ತಿತ್ತು.

ಷರಾ ಬರೆದೆ:
ಮೇಲಿನ ನ್ಯಾಯಾಲಯದ ತಡೆ ಇರುವುದಾಗಿ ತಿಳಿದ ಮೇರೆಗೆ
ವಾರಂಟು ಜಾರಿಯಾಗದೆ ವಾಪಸು.
ಕಾಗದದ ಮೇಲಿನ ಹಿಟ್ಟು ಊದಿದೆ.
ಗಫೂರನೂ ಖೈರೆಯೂ ಕುರ್ಚಿ ಹಿಡಿದು
ಬಾಯಿಯನ್ನು ಮೇಲೆ ಹತ್ತಿಸಿದರು,
ತಿರುವು ತಿರುವಿಗೂ ಇಳಿಸಿ, ಉಸಿರು ತಗೊಂಡು.
ಬೀಗ ಅವರ ಮಡಿಲಲ್ಲಿತ್ತು.

ಸ್ವಾರಗೇಟಿನಲ್ಲಿ ಬಸ್ಸಿಗೆ ಚಿಲ್ಲರೆ ಹುಡುಕುವಾಗ ಗೊತ್ತಾಯಿತು:
ಕೀಲಿ ನನ್ನ ಕಿಸೆಯಲ್ಲೇ ಉಳಿದಿದೆ.